ದಿ ಟೋಲ್ ಗೇಟ್: ಎಲ್ಲರೂ ಓಡಿದ ಹಾಗೆ ಕಂಡರೆ

1920ರ ಈ ಮೂಕಿ ವೆಸ್ಟರ್ನ್ (ಕೌಬಾಯ್ ಸಿನಿಮಾ) ಯೂಟ್ಯೂಬ್‌ನಲ್ಲಿ ನೋಡುವಾಗ ನಾಯಕ ಕಾಮಿಡಿ ಥರ ಓಡಾಡಿದಂತೆ ಕಂಡರೆ, ಬಹುಶಃ ವೇಗದ ತೊಂದರೆ. ಆಗ ಕ್ಯಾಮೆರಾ ಹಿಡಿಕೆಯನ್ನು ಕೈಯಲ್ಲೇ ತಿರುಗಿಸುತ್ತಿದ್ದರು, ಹೆಚ್ಚಾಗಿ ಸೆಕೆಂಡಿಗೆ 24 ಫ್ರೇಮ್‌ಗಿಂತ ಕಡಿಮೆ. ನೀವು ನೋಡುತ್ತಿರುವ ಕಾಪಿ 24 ಫ್ರೇಮ್ ವೇಗದಲ್ಲಿ ಓಡುತ್ತಿರಬೇಕು, ಅದಕ್ಕೇ ಎಲ್ಲರೂ ಅವಸರದಲ್ಲಿದ್ದ ಹಾಗೆ ಕಾಣುತ್ತದೆ.

ಮೊದಲು ಸೌಂಡ್ ಮ್ಯೂಟ್ ಮಾಡಿ, ಇಲ್ಲದಿದ್ದರೆ ಸಂಗೀತ ಎಳೆದಂತಾಗುತ್ತದೆ. ಆಮೇಲೆ ಯೂಟ್ಯೂಬ್ ಸೆಟ್ಟಿಂಗ್ಸ್‌ನಲ್ಲಿ ಪ್ಲೇಬ್ಯಾಕ್ ಸ್ಪೀಡ್ 0.75 ಇಡಿ. ಪಕ್ಕಾ ಇಷ್ಟೇ ಅಂತ ಹೇಳಲಾಗದು, ದೃಶ್ಯದಿಂದ ದೃಶ್ಯಕ್ಕೆ ಬದಲಾಗಬಹುದು.

ಪರೀಕ್ಷೆಗೆ ನಾಯಕ ಡೀರಿಂಗ್ ಮಗುವನ್ನು ಉಳಿಸುವ ಭಾಗ ಹಾಕಿ. ತಲೆತಪ್ಪಿಸಿಕೊಂಡು ಓಡುತ್ತಿರುವ ದರೋಡೆಕೋರ, ಸಿಕ್ಕಿಬೀಳುವ ಭಯವಿದ್ದರೂ ಮುಳುಗುತ್ತಿರುವ ಹುಡುಗನನ್ನು ಬಿಟ್ಟು ಹೋಗುವುದಿಲ್ಲ. ಈ ಪಾತ್ರ ಮಾಡಿದ ವಿಲಿಯಂ ಎಸ್. ಹಾರ್ಟ್ ಮುಖ ಜಾಸ್ತಿ ಕುಣಿಸದ ನಟ. ಪಾತ್ರದ ಘನತೆಯೆಲ್ಲ ಆ ನಿಂತ ನೋಟದಲ್ಲೇ ಇದೆ, ವೇಗ ಹೆಚ್ಚಾದರೆ ಅದೇ ಮಾಯ. ನಡಿಗೆ ತೀರಾ ನಿಧಾನ ಅನ್ನಿಸಿದರೆ 0.85ಕ್ಕೆ ಏರಿಸಿ.