ಪಂಚನಾಮೆಯಲ್ಲಿ ಉಳಿದ ಮನೆ

ಬಾಗಲಕೋಟೆಯ ನವನಗರದಿಂದ ಓದುಗರೊಬ್ಬರು ಬರೆದಿದ್ದಾರೆ: ‘ಹಳೆಯ ಊರಿನಲ್ಲಿ ಘಟಪ್ರಭೆಯ ಕಡೆಗಿದ್ದ ನಮ್ಮ ಮನೆ ಮುಳುಗಡೆಗೆ ಹೋಯಿತು, ಕೆಡವಿದರು, ಪರಿಹಾರವನ್ನೂ ಕೊಟ್ಟರು. ಅದನ್ನು ಕಟ್ಟಿಸಿದ ಮುತ್ತಜ್ಜ ರಾಜನಲ್ಲ, ಹೋರಾಟಗಾರನೂ ಅಲ್ಲ, ಹತ್ತಿ ವ್ಯಾಪಾರಿ. ಇಂಥ ಮನೆಗಳ ಚರಿತ್ರೆಗೆ ನೀವು ಪುಟಗಟ್ಟಲೆ ಜಾಗ ಕೊಡುವುದು ಯಾವ ಪುರುಷಾರ್ಥಕ್ಕೆ? ಹೊಲಗಳಿಗೆ ನೀರು ಬಂತಲ್ಲ, ಅಷ್ಟು ಸಾಲದೇ?’

ಮಾನ್ಯರೇ, ನೀರಿನ ಮಾತನ್ನು ಮೊದಲೇ ಒಪ್ಪಿಬಿಡುತ್ತೇನೆ. ಮುಗಿಲು ನೋಡುತ್ತ ಕುಳಿತಿದ್ದ ಸೀಮೆಗೆ ಆಲಮಟ್ಟಿ ಅಣೆಕಟ್ಟಿನ 123 ಟಿಎಂಸಿ ನೀರು ಎಂದರೆ ಏನೆಂಬುದನ್ನು ರೈತರಿಗೆ ನಾನು ಹೇಳಿಕೊಡಬೇಕಾಗಿಲ್ಲ. ಆದರೆ ಮುತ್ತಜ್ಜ ರಾಜನಲ್ಲದ ಕಾರಣ ಆತನ ಮನೆಗೆ ಚರಿತ್ರೆಯಿಲ್ಲ ಎಂಬ ನಿಮ್ಮ ತೀರ್ಮಾನವನ್ನು, ಕ್ಷಮಿಸಿ, ನಾನು ಒಪ್ಪಲಾರೆ.

ನಿಮ್ಮದೇ ಜಿಲ್ಲೆಯ ಐಹೊಳೆ, ಬಾದಾಮಿ, ಪಟ್ಟದಕಲ್ಲುಗಳನ್ನು ವಿದ್ವಾಂಸರು ತಲೆಮಾರುಗಳಿಂದ ಅಳೆದಿದ್ದಾರೆ, ಬರೆದಿದ್ದಾರೆ. ಪಟ್ಟದಕಲ್ಲು 1987ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು. ಆಲಮಟ್ಟಿಯ ಹಿನ್ನೀರು ಕೂಡಲಸಂಗಮಕ್ಕೆ ಬಂದಾಗ ಬಸವಣ್ಣನವರ ಐಕ್ಯಮಂಟಪದ ಸುತ್ತ ಬಾವಿಯಂತೆ ಗೋಡೆ ಎಬ್ಬಿಸಿ ಅದನ್ನು ಕಾಪಾಡಿಕೊಂಡೆವು, ಕಾಪಾಡಿಕೊಳ್ಳಲೇಬೇಕಿತ್ತು. ಅದೇ ಹಿನ್ನೀರಿಗಾಗಿ ಬಾಗಲಕೋಟೆಯ ಓಣಿಗಳನ್ನು ನೆಲಸಮ ಮಾಡುವಾಗ, ಕೆಡವುವ ಮುನ್ನ ಒಂದು ಮನೆಯ ನಕ್ಷೆಯನ್ನಾದರೂ ಬರೆದಿಟ್ಟುಕೊಳ್ಳೋಣ ಎಂದು ನಮ್ಮಲ್ಲಿ ಎಷ್ಟು ಜನರಿಗೆ ಹೊಳೆಯಿತು? ಪ್ರಾಚೀನ ಸ್ಮಾರಕಗಳ 1958ರ ಕಾಯ್ದೆಯ ಆಸರೆ ಸಿಗಬೇಕಾದರೆ ಕಟ್ಟಡಕ್ಕೆ ನೂರು ವರ್ಷ ತುಂಬಿದರೆ ಸಾಲದು, ರಾಷ್ಟ್ರೀಯ ಮಹತ್ವವೂ ಬೇಕು. ಹತ್ತಿ ವ್ಯಾಪಾರಿಯ ಪಡಸಾಲೆಗೆ ಅದನ್ನು ದಯಪಾಲಿಸುವವರು ಯಾರು? ಮೈಸೂರಿನ ಯಾದವಗಿರಿಯಲ್ಲಿ 2011ರಲ್ಲಿ ಕೆಡವಲು ತೊಡಗಿದ್ದ ಮನೆಯೊಂದು ಉಳಿದು, 2016ರಲ್ಲಿ ವಸ್ತುಸಂಗ್ರಹಾಲಯವಾದದ್ದು ಅಲ್ಲಿ ಆರ್.ಕೆ. ನಾರಾಯಣ್ ವಾಸವಾಗಿದ್ದರೆಂಬ ಕಾರಣಕ್ಕೆ. ಸಂತೋಷವೇ, ಆದರೆ ಲೇಖಕರು ಬಾಡಿಗೆಗೂ ಬಾರದ ಮನೆಗಳೇ ನಾಡಿನಲ್ಲಿ ಹೆಚ್ಚು.

ನಿಮ್ಮ ಮನೆಯನ್ನು ನಾನು ಕಂಡಿಲ್ಲ, ಅದರ ದಾಯಾದಿಗಳನ್ನು ಚೆನ್ನಾಗಿ ಬಲ್ಲೆ. ಹೊಸ್ತಿಲು ದಾಟಿದೊಡನೆ ಎತ್ತುಗಳ ಗೋದಲಿ, ಅಲ್ಲಿಂದ ಮೆಟ್ಟಿಲೇರಿದರೆ ಪಡಸಾಲೆ, ಅದರಾಚೆ ಅಡಿಗೆಮನೆ, ದೇವರಮನೆ. ಎರಡು ಮೊಳ ದಪ್ಪದ ಕಲ್ಲು ಮಣ್ಣಿನ ಗೋಡೆ. ಜಂತಿಗಳ ಮೇಲೆ ಸೊಪ್ಪು ಹಾಸಿ ಮಣ್ಣು ಬಡಿದ ಮಾಳಿಗೆ. ಅದರ ನಡುವೆ ಬೆಳಕಿಂಡಿ, ಹನಿ ಬಿದ್ದೊಡನೆ ಅದನ್ನು ಮುಚ್ಚಲು ನಿಚ್ಚಣಿಕೆ ಹತ್ತುವ ಹುಡುಗರು. ಮುಂಗಾರಿಗೆ ಮುನ್ನ ಮಾಳಿಗೆಗೆ ಹೊಸ ಮಣ್ಣು ಹಾಕದಿದ್ದರೆ ಮನೆ ಸೋರುತ್ತಿತ್ತು, ನಿಜ. ಆದರೆ ಮಳೆ ಕಡಿಮೆ, ಬಿಸಿಲು ವಿಪರೀತವಾದ ಸೀಮೆಯಲ್ಲಿ ವೈಶಾಖದ ಮಧ್ಯಾಹ್ನ ಆ ಪಡಸಾಲೆಯಲ್ಲಿ ಫ್ಯಾನಿಲ್ಲದೆ ನಿದ್ದೆ ಬರುತ್ತಿತ್ತು. ಮುಳುಗಡೆಯಾದವರಿಗಾಗಿ ಕಟ್ಟಿದ ನವನಗರದ ಯೋಜನೆ ರೂಪಿಸಿದ ವಾಸ್ತುಶಿಲ್ಪಿ ಚಾರ್ಲ್ಸ್ ಕೊರಿಯಾ ಆಕಾಶಕ್ಕೆ ತೆರೆದ ಅಂಗಳದ ಪರವಾಗಿ ಜೀವಮಾನವಿಡೀ ವಾದಿಸಿದವರು. ಅವರು ಬರೆದ ಸೆಕ್ಟರುಗಳಲ್ಲಿ ಈಗ ನಾವು ಆರ್‌ಸಿಸಿ ಸ್ಲ್ಯಾಬಿನಡಿ ಬೆವರೊರೆಸಿಕೊಳ್ಳುತ್ತ, ಹಳೆಯ ಮನೆಗಳಲ್ಲಿ ಏನಿತ್ತು ಎಂದು ಕೇಳುತ್ತೇವೆ!

ವಿಪರ್ಯಾಸವೆಂದರೆ, ನಿಮ್ಮ ಮನೆಯ ಚರಿತ್ರೆಯ ಮೊದಲ ಪುಟವನ್ನು ಸರ್ಕಾರವೇ ಬರೆದಿದೆ. 1894ರ ಭೂಸ್ವಾಧೀನ ಕಾಯ್ದೆಯಡಿ ಪರಿಹಾರ ನಿಗದಿಯಾಗಬೇಕಾದರೆ ಗೋಡೆ, ತೊಲೆ, ಬಾಗಿಲುಗಳನ್ನೆಲ್ಲ ಅಳೆದು ಬೆಲೆ ಕಟ್ಟಬೇಕಿತ್ತು. ದುಡ್ಡಿಗಾಗಿ ಬರೆದ ಆ ಪಂಚನಾಮೆಗಳು ಇಂದು ಒಂದು ಊರಿನ ವಾಸ್ತುಕೋಶ. ಬಾಣಂತಿಯರ ಕೋಣೆ ಯಾವುದು, ಹತ್ತಿಯ ಅಂಡಿಗೆಗಳನ್ನು ಎಲ್ಲಿ ಒಟ್ಟುತ್ತಿದ್ದರು, ಲೆಕ್ಕ ಬರೆಯುವವರು ಯಾವ ಕಂಬಕ್ಕೆ ಒರಗುತ್ತಿದ್ದರು ಎಂಬುದು ಮಾತ್ರ ಅದರಲ್ಲಿ ಸಿಗದು. ಅದನ್ನು ನೀವೇ ಹೇಳಬೇಕು.

ಇದು ಮುಗಿದ ಕಥೆಯೂ ಅಲ್ಲ. ಈಗ ಆಲಮಟ್ಟಿಯ ನೀರು ಸಮುದ್ರಮಟ್ಟದಿಂದ 519.60 ಮೀಟರಿಗೆ ನಿಲ್ಲುತ್ತದೆ, 524.256 ಮೀಟರಿನವರೆಗೆ ನಿಲ್ಲಿಸಲು ಎರಡನೆಯ ಕೃಷ್ಣಾ ಜಲವಿವಾದ ನ್ಯಾಯಮಂಡಳಿ 2010ರಲ್ಲೇ ಒಪ್ಪಿದೆ. ಅಂದರೆ ಟೇಪು ಹಿಡಿದವರು ಮತ್ತೆ ಓಣಿಗೆ ಬರುತ್ತಾರೆ. ಅವರ ಜೊತೆಗೆ ಒಬ್ಬ ನಕ್ಷೆಗಾರ, ಒಂದು ಕ್ಯಾಮೆರಾ ಬಂದರೆ ಯೋಜನೆಯ ವೆಚ್ಚದಲ್ಲಿ ಅದು ಲೆಕ್ಕಕ್ಕೂ ಸಿಗದು. ಕೋಟಿಗಳಲ್ಲಿ ಮಾತನಾಡುವವರಿಗೆ ಇಷ್ಟು ಸಣ್ಣ ಮೊತ್ತವನ್ನು ಕೇಳಿಸುವುದೇ ಕಷ್ಟ.

ತಾವು ಪರಿಹಾರದ ಆದೇಶದ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ, ಮನೆಯ ಹಿರಿಯರನ್ನು ಕೂರಿಸಿಕೊಂಡು ನಕ್ಷೆ ಬರೆದು ಕಳುಹಿಸಿ. ಪುಟ ಎಷ್ಟಾದರೂ ಅಚ್ಚು ಹಾಕುತ್ತೇವೆ.

— ಸಂಪಾದಕ