ಹನ್ನೆರಡು ಟೆಸ್ಟ್ ಆಡಿದವರಿಗೆ ನಾಲ್ಕು ಪುಟವೇಕೆ?

ಪತ್ರ: ಕಳೆದ ಸಂಚಿಕೆಯಲ್ಲಿ ಇಂಗ್ಲೆಂಡಿನ ಕೆಂಟ್ ಕೌಂಟಿ (ಜಿಲ್ಲಾ) ತಂಡದ ಬೌಲರ್ ‘ಟಿಚ್’ ಫ್ರೀಮನ್ ಅವರ ಬಗ್ಗೆ ನಾಲ್ಕು ಪುಟಗಳ ಲೇಖನ ಓದಿದೆ. ಆಡಿದ್ದು ಹನ್ನೆರಡೇ ಟೆಸ್ಟ್. ಅದರಲ್ಲೂ ಆಸ್ಟ್ರೇಲಿಯದ ಎದುರು ಮಂಕಾದವರು. ದೊಡ್ಡ ಆಟದಲ್ಲಿ ಸಲ್ಲದವರನ್ನು ಇಷ್ಟೊಂದು ಕೊಂಡಾಡಬೇಕೆ?
– ಓದುಗರೊಬ್ಬರು, ಶಿವಮೊಗ್ಗ

ಸಂಪಾದಕರ ಉತ್ತರ: ನಿಮ್ಮ ಆಕ್ಷೇಪದಲ್ಲಿ ಹುರುಳಿಲ್ಲ ಎನ್ನಲಾರೆ. 1924-25ರಲ್ಲಿ ಆಸ್ಟ್ರೇಲಿಯದಲ್ಲಿ ಆಡಿದ ಎರಡು ಟೆಸ್ಟ್‌ಗಳಲ್ಲಿ ಅವರಿಗೆ ದಕ್ಕಿದ್ದು ಎಂಟೇ ವಿಕೆಟ್. ಕಾಲು ಚುರುಕಾಗಿರುವ ಬ್ಯಾಟ್ಸ್‌ಮನ್‌ಗಳು ಮುನ್ನುಗ್ಗಿ ಬಂದು ಅವರ ಎಸೆತವನ್ನು ನೆಲಕ್ಕೆ ಬಿದ್ದಲ್ಲೇ ಹೊಡೆಯುತ್ತಿದ್ದರು ಎಂಬುದೂ ನಿಜ. ಇಷ್ಟನ್ನು ಒಪ್ಪಿಕೊಂಡು ಮುಂದೆ ಹೋಗುತ್ತೇನೆ. ಪತ್ರವನ್ನು ಇಷ್ಟು ಶ್ರದ್ಧೆಯಿಂದ ಬರೆದ ನೀವು ಉಳಿದದ್ದನ್ನು ತೂಗಿ ನೋಡದೆ ಬಿಟ್ಟದ್ದೇಕೆ ಎಂಬುದೇ ನನ್ನ ತಕರಾರು.

ಐದಡಿ ಎರಡಂಗುಲದ ಈ ಲೆಗ್‌ಸ್ಪಿನ್ನರ್ ಕೆಂಟ್ ಪರ ಮೊದಲ ಪಂದ್ಯ ಆಡಿದ್ದು 1914ರಲ್ಲಿ, ಇಪ್ಪತ್ತಾರರ ವಯಸ್ಸಿನಲ್ಲಿ. ಅದೇ ವರ್ಷ ಮೊದಲ ಮಹಾಯುದ್ಧ ಶುರುವಾಯಿತು. ಕೌಂಟಿ ಕ್ರಿಕೆಟ್ 1919ರಲ್ಲಿ ಮತ್ತೆ ಆರಂಭವಾದಾಗ ಅವರಿಗೆ ಮೂವತ್ತೊಂದು. ಈಗಿನವರು ನಿವೃತ್ತಿಯ ಮಾತಾಡುವ ಆ ವಯಸ್ಸಿನ ನಂತರವೇ ಅವರ 3,776 ಪ್ರಥಮ ದರ್ಜೆ (ಕೌಂಟಿ, ಟೆಸ್ಟ್ ಮೊದಲಾದ ದೊಡ್ಡ ಪಂದ್ಯಗಳ) ವಿಕೆಟ್‌ಗಳಲ್ಲಿ ಬಹುಪಾಲು ಬಂದವು. ಯಾರ್ಕ್‌ಷೈರಿನ ವಿಲ್ಫ್ರೆಡ್ ರೋಡ್ಸ್ ಒಬ್ಬರನ್ನು ಬಿಟ್ಟರೆ ಜಗತ್ತಿನಲ್ಲಿ ಇದಕ್ಕಿಂತ ಹೆಚ್ಚು ಪಡೆದವರಿಲ್ಲ. ಒಂದು ಇನಿಂಗ್ಸ್‌ನ ಹತ್ತಕ್ಕೆ ಹತ್ತೂ ವಿಕೆಟ್‌ಗಳನ್ನು ಮೂರು ಸಲ ಕಿತ್ತವರು ಅವರೊಬ್ಬರೇ. ಇನ್ನು 1928ರ ಬೇಸಿಗೆಯ ಲೆಕ್ಕ ನೋಡಿ: ಸುಮಾರು 1,976 ಓವರ್, 304 ವಿಕೆಟ್. ವಾರದಲ್ಲಿ ಆರು ದಿನ ಆಟ, ಇಂದು ಮೇಡ್‌ಸ್ಟನ್, ನಾಳೆ ಇನ್ನೊಂದು ಊರು. ಬಲಗೈ ಬೆರಳು, ಮಣಿಕಟ್ಟು ತಿರುಗಿಸಿ ತಿರುಗಿಸಿ ಲೆಗ್ ಬ್ರೇಕ್, ಗೂಗ್ಲಿ, ಟಾಪ್‌ಸ್ಪಿನ್ ಎಂಬ ಬಗೆಬಗೆಯ ತಿರುವು ಎಸೆತ. ವಿಕೆಟ್ ಹಿಂದೆ ಕೀಪರ್ ಲೆಸ್ ಏಮ್ಸ್ ಬೇಲ್ಸ್ ಹಾರಿಸಲು ಕಾದು ಕುಳಿತಿರುತ್ತಿದ್ದರು. ‘ಸ್ಟಂಪ್ಡ್ ಏಮ್ಸ್, ಬೌಲ್ಡ್ ಫ್ರೀಮನ್’ ಎಂಬ ಸಾಲು ಆ ವರ್ಷಗಳ ಕೆಂಟ್ ಸ್ಕೋರ್ ಪಟ್ಟಿಗಳಲ್ಲಿ ಪಲ್ಲವಿಯಂತೆ ಮರುಕಳಿಸುತ್ತದೆ.

ಆ 304ರ ಬೆನ್ನಲ್ಲೇ ಅವರನ್ನು ಆಸ್ಟ್ರೇಲಿಯಕ್ಕೆ ಹಡಗು ಹತ್ತಿಸಿದರು. ನಾಯಕ ಪರ್ಸಿ ಚಾಪ್‌ಮನ್ ಸ್ವತಃ ಕೆಂಟ್‌ನವರು. ಆದರೂ ಫ್ರೀಮನ್‌ಗೆ ಒಂದು ಟೆಸ್ಟೂ ಸಿಗಲಿಲ್ಲ. ‘ದೊಡ್ಡ ಆಟದಲ್ಲಿ ಸಲ್ಲದವರು’ ಎನ್ನುವ ಮುನ್ನ, ಸಲ್ಲಲು ಎಷ್ಟು ಅವಕಾಶ ಕೊಟ್ಟಿದ್ದರು ಎಂದೂ ಕೇಳಬೇಡವೆ? ಮರುವರ್ಷ ದಕ್ಷಿಣ ಆಫ್ರಿಕದ ವಿರುದ್ಧ ಎರಡೇ ಟೆಸ್ಟ್‌ಗಳಲ್ಲಿ 22 ವಿಕೆಟ್ ಉರುಳಿಸಿದವರು ಇವರೇ.

ಟೆಸ್ಟ್ ಟೋಪಿಯೊಂದೇ ಅಳತೆಗೋಲಾದರೆ ಕೌಂಟಿಯ ವೃತ್ತಿಪರ ಆಟಗಾರ ನಮ್ಮ ಕಣ್ಣಿಗೆ ಬೀಳುವುದೇ ಇಲ್ಲ. ಅವನು ಆಟವಾಡಿ ಹೊಟ್ಟೆ ಹೊರೆಯುತ್ತಿದ್ದ ಕೂಲಿಗಾರ. ಹವ್ಯಾಸಿ ಶ್ರೀಮಂತರಿಗೆ ಒಂದು ಡ್ರೆಸ್ಸಿಂಗ್ ಕೋಣೆ, ಇವನಿಗೆ ಇನ್ನೊಂದು; ಸ್ಕೋರ್ ಪಟ್ಟಿಯಲ್ಲಿ ಹೆಸರು ಅಚ್ಚಾಗುವ ಕ್ರಮವೂ ಬೇರೆ. ಈ ಪಂಕ್ತಿಭೇದ ಅಳಿಯಲು 1962ರವರೆಗೆ ಕಾಯಬೇಕಾಯಿತು. ಮುಪ್ಪಿಗೆ ಆಸರೆಯೆಂದರೆ, ಒಬ್ಬ ಆಟಗಾರನ ನೆರವಿಗೆಂದೇ ಮೀಸಲಿಟ್ಟು ಗಳಿಕೆಯನ್ನು ಅವನಿಗೇ ಕೊಡುವ ಸಹಾಯಾರ್ಥ ಪಂದ್ಯದಲ್ಲಿ ಕೂಡಿದ ಹಣ. 1907ರಲ್ಲಿ ಮಿಡ್ಲ್‌ಸೆಕ್ಸ್ ಕೌಂಟಿಯ ಆಲ್ಬರ್ಟ್ ಟ್ರಾಟ್ ಲಂಡನ್ನಿನ ಲಾರ್ಡ್ಸ್ ಮೈದಾನದಲ್ಲಿ ತಮ್ಮದೇ ಸಹಾಯಾರ್ಥ ಪಂದ್ಯದಲ್ಲಿ ನಾಲ್ಕು ಎಸೆತಕ್ಕೆ ನಾಲ್ಕು ವಿಕೆಟ್ ಪಡೆದು, ಸಾಲದೆಂಬಂತೆ ಅದೇ ಇನಿಂಗ್ಸ್‌ನಲ್ಲಿ ಇನ್ನೊಂದು ಹ್ಯಾಟ್ರಿಕ್ ಮಾಡಿದರು. ಪಂದ್ಯ ಬೇಗ ಮುಗಿದು ಅವರ ಗಳಿಕೆಗೇ ಕತ್ತರಿ ಬಿತ್ತು! ಫ್ರೀಮನ್ನರ ಜೊತೆಗಾರ ಜೇಮ್ಸ್ ಸೀಮೋರ್‌ಗೆ 1920ರಲ್ಲಿ ಬಂದ ಹಣದ ಮೇಲೆ ಆದಾಯ ತೆರಿಗೆಯವರ ಕಣ್ಣು ಬಿದ್ದು, ವ್ಯಾಜ್ಯ ಆಗಿನ ಅತ್ಯುನ್ನತ ನ್ಯಾಯಪೀಠವಾದ ಹೌಸ್ ಆಫ್ ಲಾರ್ಡ್ಸ್‌ವರೆಗೆ ಹೋಗಿ, ಅದು ಸಂಬಳವಲ್ಲ, ಜನರ ಕೊಡುಗೆ ಎಂದು ತೀರ್ಪಾದದ್ದು 1927ರಲ್ಲಿ.

ಆ ದುಡಿಮೆಯ ರುಚಿ ನಮ್ಮವರಿಗೂ ಗೊತ್ತು. 1995ರಲ್ಲಿ ನಾರ್ಥ್ಯಾಂಪ್ಟನ್‌ಷೈರ್ ಪರ ಆಡಿದ ಅನಿಲ್ ಕುಂಬ್ಳೆ ಒಂದೇ ಋತುವಿನಲ್ಲಿ 105 ವಿಕೆಟ್ ಪಡೆದರು. ನಿಮ್ಮಂಥ ಹಳೆಯ ಅಭಿಮಾನಿಗಳೂ ಅವರ ದೆಹಲಿಯ ಹತ್ತು ವಿಕೆಟ್ ನೆನೆಯುತ್ತೀರೇ ಹೊರತು ಆ ನೂರೈದನ್ನಲ್ಲ. ರಣಜಿಯ ಪಾಡೂ ಇದೇ. ಪ್ರಸನ್ನ, ಚಂದ್ರಶೇಖರ್ ಜೊತೆಗೆ ಕರ್ನಾಟಕಕ್ಕಾಗಿ ಬೆವರು ಸುರಿಸಿದ ಬಿ. ವಿಜಯಕೃಷ್ಣ ಅವರ ಹೆಸರು ಇಂದು ಎಷ್ಟು ಹುಡುಗರಿಗೆ ಗೊತ್ತು? ಐಪಿಎಲ್ ಹರಾಜಿನಲ್ಲಿ ಯಾರಿಗೆ ಎಷ್ಟು ಕೋಟಿ ಎಂಬುದಕ್ಕೆ ಮುಖಪುಟ ಮೀಸಲಿಡುವ ಪತ್ರಿಕೆಗಳು ನಾಲ್ಕು ದಿನದ ಪಂದ್ಯವನ್ನು ಜಾಹೀರಾತಿನ ಪಕ್ಕ ನಾಲ್ಕು ಸಾಲಿಗೆ ಇಳಿಸುತ್ತವೆ. ಆ ಪಂದ್ಯಕ್ಕೆ ಟಿಕೆಟ್ ಇಲ್ಲದಿದ್ದರೂ ಜನ ಬರುವುದಿಲ್ಲ.

ಆದ್ದರಿಂದ ಇಂಥ ಆಟಗಾರರ ಕುರಿತ ನಮ್ಮ ಲೇಖನ ಸರಣಿ ನಿಲ್ಲದು. ಮುಂದಿನ ಸಂಚಿಕೆಯಲ್ಲಿ ರಣಜಿಯಲ್ಲಿ 637 ವಿಕೆಟ್ ಪಡೆದೂ ಒಂದೇ ಒಂದು ಟೆಸ್ಟ್ ಆಡದ ರಾಜಿಂದರ್ ಗೋಯಲ್ ಅವರಿಗೆ ಐದು ಪುಟ ಕೊಡುತ್ತಿದ್ದೇವೆ. ಅದಕ್ಕೂ ನಿಮ್ಮ ಆಕ್ಷೇಪವಿದ್ದರೆ ಖಂಡಿತ ಬರೆಯಿರಿ, ಪ್ರಕಟಿಸುತ್ತೇನೆ.