ಹೆಡ್‌ಫೋನಿನಲ್ಲಿ ಉಳಿದ ಉಸಿರು

ಸ್ವತಂತ್ರವಾಗಿ ಸಾಕ್ಷ್ಯಚಿತ್ರ ಮತ್ತು ಪ್ರಾಯೋಗಿಕ ಚಿತ್ರಗಳನ್ನು ಮಾಡುವ, ನಲವತ್ತರ ಹತ್ತಿರದ ನಿರ್ದೇಶಕರೊಬ್ಬರು ನಿದ್ದೆ ಬರುತ್ತಿಲ್ಲವೆಂದು ಆಪ್ತಸಮಾಲೋಚನೆಗೆ ನನ್ನ ಬಳಿ ಬಂದರು. ಗುರುತು ಸಿಗದಂತೆ ಕೆಲವು ವಿವರಗಳನ್ನು ಇಲ್ಲಿ ಬದಲಿಸಿದ್ದೇನೆ. ಕಲ್ಲುಕ್ವಾರಿಯ ದೂಳು ಕುಡಿದು ಸಿಲಿಕೋಸಿಸ್‌ಗೆ ತುತ್ತಾದ ಕಾರ್ಮಿಕರೊಬ್ಬರನ್ನು ಅವರು ಮೂರು ವರ್ಷ ಚಿತ್ರೀಕರಿಸಿದ್ದರು. ಕ್ವಾರಿಯ ಕೆಲಸ ಬಿಟ್ಟ ಮೇಲೂ ಉಲ್ಬಣಿಸಬಲ್ಲ, ಕೆಟ್ಟ ಶ್ವಾಸಕೋಶವನ್ನು ಮೊದಲಿನಂತೆ ಮಾಡುವ ಮದ್ದಿಲ್ಲದ ಕಾಯಿಲೆ ಅದು. ಆ ಕಾರ್ಮಿಕರು ತೀರಿಕೊಂಡು ಎಂಟು ತಿಂಗಳಾಗಿದ್ದರೂ ಹಾರ್ಡ್‌ಡಿಸ್ಕುಗಳು ಕಪಾಟಿನಿಂದ ಹೊರಬಂದಿರಲಿಲ್ಲ.

"ಹೆಡ್‌ಫೋನ್ ಹಾಕಿದರೆ ಸಾಕು, ಅವರ ಉಸಿರು ಕೇಳಿಸುತ್ತದೆ. ಎದೆಗೆ ಮೈಕ್ ಸಿಕ್ಕಿಸಿದವನು ನಾನೇ" ಎಂದರು. ಕೊನೆಯ ಚಿತ್ರೀಕರಣದ ದಿನ ಆ ಕಾರ್ಮಿಕರಿಗೆ ಕೆಮ್ಮು ಹತ್ತಿ ಉಸಿರು ಸಿಕ್ಕಿಕೊಂಡಾಗ, ನೀರು ತರಲು ಏಳುವ ಮೊದಲು ಇವರು ಫೋಕಸ್ ಸರಿಪಡಿಸಿಕೊಂಡಿದ್ದರು. ಆ ನಾಲ್ಕೈದು ಸೆಕೆಂಡುಗಳು ದೃಶ್ಯದಲ್ಲೇ ದಾಖಲಾಗಿದ್ದು, ಅವೇ ಅವರನ್ನು ಒಳಗೊಳಗೇ ಕೊರೆಯುತ್ತಿದ್ದವು.

ಸಾವು ಬೇರೆಯವರ ಮನೆಯದು, ನಿನಗೇಕೆ ಇಷ್ಟು ಎಂದು ಮನೆಯವರು ಕೇಳುತ್ತಿದ್ದರಂತೆ. ವೃತ್ತಿಯ ಕಾರಣಕ್ಕೆ ಬೇರೆಯವರ ಆಘಾತದ ವಿವರಗಳನ್ನು ಮತ್ತೆ ಮತ್ತೆ ಎದುರಿಸುವುದೂ ಆಘಾತಕ್ಕೆ ದಾರಿಯಾಗಬಹುದೆಂದು, ಮಾನಸಿಕ ಕಾಯಿಲೆಗಳನ್ನು ಗುರುತಿಸಲು ವೈದ್ಯರು ಬಳಸುವ 2013ರ ಡಿಎಸ್‌ಎಂ-5 ಕೈಪಿಡಿ ಒಪ್ಪುತ್ತದೆ, ಅದು ತೆರೆಯ ಮೇಲಿನ ದೃಶ್ಯವಾಗಿದ್ದರೂ ಸಹ. ಕ್ಯಾಮೆರಾ, ಧ್ವನಿ, ಸಂಕಲನ ಮೂರನ್ನೂ ಒಬ್ಬರೇ ಹೊತ್ತಾಗ ಈ ಭಾರವನ್ನು ಹಂಚಿಕೊಳ್ಳಲು ಪಕ್ಕದಲ್ಲಿ ಯಾರೂ ಇರುವುದಿಲ್ಲ.

ಮುಖವನ್ನೇ ತೋರಿಸದೆ, ಕಪ್ಪು ತೆರೆಯ ಮೇಲೆ ಉಸಿರಿನ ಸದ್ದನ್ನಷ್ಟೇ ಇಟ್ಟು ಪ್ರಾಯೋಗಿಕ ಚಿತ್ರ ಮಾಡಿಬಿಡುವ ಯೋಚನೆ ಅವರಿಗಿತ್ತು. ಆ ಮನುಷ್ಯ ಬದುಕಿದ್ದರೂ ಇದನ್ನೇ ಆರಿಸುತ್ತಿದ್ದಿರಾ ಎಂದು ಕೇಳಿದೆ. ಬಹಳ ಹೊತ್ತು ಸುಮ್ಮನಿದ್ದು, "ಇಲ್ಲ. ಶೂಟಿಂಗ್ ಇದ್ದ ದಿನ ಅವರು ಕ್ಷೌರ ಮಾಡಿಸಿಕೊಂಡು ಕಾಯುತ್ತಿದ್ದರು" ಎಂದರು.

ನಾನು ಕೊಟ್ಟ ಮುಖ್ಯ ಸಲಹೆ, ಕಾರ್ಮಿಕರ ಪತ್ನಿಯನ್ನು ಕಂಡು ಆ ದಿನ ನಡೆದದ್ದನ್ನು ಮುಚ್ಚುಮರೆಯಿಲ್ಲದೆ ಹೇಳಿ, ಕೊನೆಯ ದಿನದ ದೃಶ್ಯ ಚಿತ್ರದಲ್ಲಿ ಇರಬೇಕೇ ಬೇಡವೇ ಎಂಬ ತೀರ್ಮಾನವನ್ನು ಅವರಿಗೇ ಬಿಡುವುದು. ಚಿತ್ರೀಕರಣಕ್ಕೆ ಗಂಡ ಹಿಂದೆ ಕೊಟ್ಟಿದ್ದ ಒಪ್ಪಿಗೆ ಆ ದಿನಕ್ಕೂ ಅನ್ವಯಿಸುತ್ತದೆಂದು ಭಾವಿಸಬಾರದು. ಆದರೆ ಕ್ಷಮೆ ಬೇಡಲು ಹೋಗಬೇಡಿ, ದುಃಖದಲ್ಲಿರುವ ಹೆಂಗಸಿನ ಮೇಲೆ ನಿಮ್ಮನ್ನು ಸಂತೈಸುವ ಹೊಣೆ ಬೀಳಬಾರದು ಎಂದು ಒತ್ತಿ ಹೇಳಿದೆ. ಸಂಕಲನದ ಮಟ್ಟಿಗೆ, ಹಗಲಿನಲ್ಲಿ ನಲವತ್ತು ನಿಮಿಷ ಮೀರದಂತೆ, ಮೊದಮೊದಲು ಧ್ವನಿಯಿಲ್ಲದೆ ನೋಡಲು ತಿಳಿಸಿದೆ. ನಿದ್ದೆಗಾಗಿ ಮನೋವೈದ್ಯರ ಬಳಿ ಕಳುಹಿಸಿ, ನಡುರಾತ್ರಿ ತಡೆಯಲಾಗದಿದ್ದರೆ ಕರೆ ಮಾಡಲು ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ ಸಂಖ್ಯೆ 14416 ಅನ್ನು ಬರೆದುಕೊಟ್ಟೆ.

ಐದನೆಯ ಭೇಟಿಯ ಹೊತ್ತಿಗೆ ಅವರು ಆ ಊರಿಗೆ ಹೋಗಿ ಬಂದಿದ್ದರು. ಪತ್ನಿ ಎಲ್ಲವನ್ನೂ ಕೇಳಿಸಿಕೊಂಡು, ಗಂಡ ನಗುತ್ತಿರುವ ದೃಶ್ಯವಿದ್ದರೆ ಮೊದಲು ಅದನ್ನು ತೋರಿಸಿ ಎಂದರಂತೆ. ಅದನ್ನು ಹುಡುಕಲು ಅವರು ಮೊದಲ ವರ್ಷದ ಡಿಸ್ಕ್ ತೆರೆದಿದ್ದಾರೆ. ಕೊನೆಯ ದಿನದ ದೃಶ್ಯದ ಬಗ್ಗೆ ಆಕೆ ಇನ್ನೂ ಏನೂ ಹೇಳಿಲ್ಲ, ಇವರೂ ಕೇಳಿಲ್ಲ.